ಯಾರ್ಮೊಲೆಂಕೊ ಗೋಲು ಹೊಡೆದ ಆ ಭಾನುವಾರ

ಎಡಗಾಲಿನ ಆಟಗಾರನನ್ನು ಮೈದಾನದ ಬಲಬದಿಯಲ್ಲಿ ಆಡಿಸಿದರೆ ಏನಾಗುತ್ತದೆ ಅಂತ ನನಗೆ ಮೊದಲು ಸರಿಯಾಗಿ ತೋರಿಸಿದವನು ಆಂಡ್ರಿ ಯಾರ್ಮೊಲೆಂಕೊ. ಉಕ್ರೇನಿನ ಫುಟ್‌ಬಾಲ್ ಆಟಗಾರ; ವಿಂಗರ್, ಅಂದರೆ ಮೈದಾನದ ಅಂಚಿನಿಂದ ದಾಳಿ ಮಾಡುವವನು. ಬಲಗಡೆ ಗೆರೆಯ ಹತ್ತಿರ ಚೆಂಡು ಹಿಡಿಯುತ್ತಾನೆ. ಇವನು ಒಳಗೆ ತಿರುಗುತ್ತಾನೆ ಅಂತ ಎದುರಿನ ಡಿಫೆಂಡರ್‌ಗೂ ಗೊತ್ತಿರುತ್ತದೆ, ನೋಡಲು ಬಂದ ಮಕ್ಕಳಿಗೂ ಗೊತ್ತಿರುತ್ತದೆ. ಆದರೂ ತಡೆಯೋಕೆ ಆಗೋದಿಲ್ಲ. ಚೆಂಡು ಎಡಗಾಲಿಗೆ ಬಂತು ಅಂದರೆ ಬಾಗುತ್ತಾ ಹೋಗಿ ಬಲೆಯೊಳಗೆ ಬೀಳುತ್ತದೆ. 2017ರಲ್ಲಿ ಜರ್ಮನಿಯ ಡಾರ್ಟ್ಮುಂಡ್ ಕ್ಲಬ್ಬಿನ ಪರವಾಗಿ ಲಂಡನ್ನಿನ ವೆಂಬ್ಲಿ ಮೈದಾನದಲ್ಲಿ ಟಾಟನ್‌ಹ್ಯಾಮ್ ಮೇಲೆ ಹೊಡೆದದ್ದು ಹಾಗೇ. 2021ರ ಯೂರೋ ಕಪ್‌ನಲ್ಲಿ, ಆಮ್‌ಸ್ಟರ್‌ಡ್ಯಾಮ್‌ನಲ್ಲಿ, ನೆದರ್ಲೆಂಡ್ಸ್ ಮೇಲೆ ಹೊಡೆದದ್ದೂ ಹಾಗೇ.

ನಾನು ಕಣ್ಣಾರೆ ನೋಡಿದ ಅವನ ಗೋಲು ಮಾತ್ರ ಆ ಜಾತಿಯದ್ದಲ್ಲ. ಹತ್ತಿರದಿಂದ ಹೊಡೆದ, ನೆಲಮಟ್ಟದ ಗೋಲು. ನಡೆದದ್ದು 2022ರ ಮಾರ್ಚ್ 13ರಂದು, ಲಂಡನ್ ಸ್ಟೇಡಿಯಂನಲ್ಲಿ.

ಆಗ ನಾನು ಕೆಲಸದ ಮೇಲೆ ಪೂರ್ವ ಲಂಡನ್ನಿನಲ್ಲಿದ್ದೆ. ಯಾರ್ಮೊಲೆಂಕೊ ಆಗ ಆಡುತ್ತಿದ್ದದ್ದು ಅಲ್ಲಿನ ವೆಸ್ಟ್ ಹ್ಯಾಮ್ ಕ್ಲಬ್ಬಿಗೆ. ಆ ಕಡೆ ವೆಸ್ಟ್ ಹ್ಯಾಮ್ ಅಂದರೆ ಮನೆತನದ ವಿಷಯ. ಅಜ್ಜ, ಅಪ್ಪ, ಮಗ ಎಲ್ಲ ಒಂದೇ ಕ್ಲಬ್ಬಿನವರು. 2016ರಲ್ಲಿ ಕ್ಲಬ್ಬು ಅಪ್ಟನ್ ಪಾರ್ಕಿನ ಹಳೇ ಮೈದಾನ ಬಿಟ್ಟು ಸ್ಟ್ರಾಟ್‌ಫರ್ಡ್‌ನ ಒಲಿಂಪಿಕ್ ಸ್ಟೇಡಿಯಂಗೆ, ಅಂದರೆ ಈಗಿನ ಲಂಡನ್ ಸ್ಟೇಡಿಯಂಗೆ, ಬಂದದ್ದನ್ನು ಎಷ್ಟೋ ಹಿರಿಯರು ಇನ್ನೂ ಒಪ್ಪಿಕೊಂಡಿಲ್ಲ. ನನ್ನ ಆಫೀಸಿನ ಗೆಳೆಯನೂ ಅಂಥ ಮನೆಯವನೇ. ಶುಕ್ರವಾರ ಸಂಜೆ ಫೋನ್ ಮಾಡಿ, "ಮಗನಿಗೆ ಜ್ವರ. ಭಾನುವಾರ ಅವನ ಸೀಟು ಖಾಲಿ. ಆಸ್ಟನ್ ವಿಲ್ಲಾ ಮ್ಯಾಚು, ಬರ್ತೀಯಾ?" ಅಂದ. ಎರಡನೇ ಮಾತಿಲ್ಲದೆ ಒಪ್ಪಿಕೊಂಡೆ.

ಆ ಎರಡು ವಾರ ನಮ್ಮ ಮನೆಯಲ್ಲಿ ಉಕ್ರೇನ್ ಬಿಟ್ಟು ಬೇರೆ ಮಾತೇ ಇರಲಿಲ್ಲ. ನಮ್ಮದು ರಾಣೆಬೆನ್ನೂರು. ಫೆಬ್ರವರಿ 24ರಂದು ರಷ್ಯಾ ದಾಳಿ ಶುರು ಮಾಡಿತು. ಮಾರ್ಚ್ 1ರಂದು ಹಾರ್ಕಿವ್‌ನಲ್ಲಿ ಶೆಲ್ ಬಿದ್ದು ನಮ್ಮ ತಾಲೂಕಿನ ವೈದ್ಯಕೀಯ ವಿದ್ಯಾರ್ಥಿಯೊಬ್ಬ ತೀರಿಕೊಂಡ. ಊಟದ ಸಾಮಾನು ತರಲು ಹೊರಗೆ ಹೋಗಿದ್ದ ಹುಡುಗ. ಅದುವರೆಗೆ ನಮ್ಮೂರ ಕಡೆಯವರಿಗೆ ಹಾರ್ಕಿವ್ ಅಂದರೆ ಕಡಿಮೆ ಖರ್ಚಿನಲ್ಲಿ ಡಾಕ್ಟರ್ ಓದಿಸುವ ಊರು, ಅಷ್ಟೇ. ಆಮೇಲೆ ದಿನವೂ ಆ ಹೆಸರನ್ನು ಸಂಕಟದಿಂದ ಹೇಳುವ ಹಾಗಾಯಿತು.

ಭಾನುವಾರ ಸ್ಟ್ರಾಟ್‌ಫರ್ಡ್ ಸ್ಟೇಷನ್ನಿನಿಂದ ನಡೆದು ಹೋಗುತ್ತಿದ್ದಾಗ ಅವ್ವನ ಫೋನ್ ಬಂತು.

"ಅವ್ವಾ, ಆ ಹುಡುಗನ್ನ ಇನ್ನೂ ತಂದಿಲ್ಲೇನು?" ಅಂದೆ.

"ಇಲ್ಲಪ್ಪಾ. ಇವತ್ತ ಬರ್ತೈತಿ, ನಾಳೆ ಬರ್ತೈತಿ ಅಂತ ಎಲ್ಲಾರೂ ಕಾಯಾಕತ್ತಾರ. ದಿನಾ ಟಿವಿ ಮುಂದ ಕುಂತಿರ್ತೀವಿ. ನೀ ಎಲ್ಲಿಗೆ ಹೊಂಟಿ?"

ಮ್ಯಾಚಿಗೆ ಅಂತ ಹೇಳಲು ಬಾಯಿ ಬರಲಿಲ್ಲ. ಗೆಳೆಯನ ಜೊತೆ ಹೊರಗೆ ಬಂದಿದ್ದೀನಿ ಅಂದೆ. ಕೊನೆಗೂ ಆ ಹುಡುಗನ ದೇಹ ಬೆಂಗಳೂರಿಗೆ ಬಂದದ್ದು ಮಾರ್ಚ್ 21ಕ್ಕೆ.

ಸ್ಟೇಡಿಯಂ ಸುತ್ತ ಎಲ್ಲಿ ನೋಡಿದರೂ ನೀಲಿ ಹಳದಿ ಬಾವುಟ. ಗೆಳೆಯನ ಅಪ್ಪನೂ ನಮ್ಮ ಜೊತೆಗಿದ್ದರು. ಎಪ್ಪತ್ತು ದಾಟಿದ ಹಿರಿಯರು. ಅವರು ಅದೇ ಮೈದಾನದ ಹಿಂದಿನ ಪಂದ್ಯದ ಕತೆ ಹೇಳಿದರು. ಯುದ್ಧ ಶುರುವಾದ ಮೂರೇ ದಿನಕ್ಕೆ ವುಲ್ವ್ಸ್ ಜೊತೆ ಆಟವಿತ್ತು. ಯಾರ್ಮೊಲೆಂಕೊಗೆ ಕ್ಲಬ್ಬು ರಜೆ ಕೊಟ್ಟಿತ್ತು. ತಂಡದ ಎಲ್ಲರೂ ಅವನ ಹೆಸರಿನ ಅಂಗಿ ತೊಟ್ಟು ಮೈದಾನಕ್ಕೆ ಬಂದರು. ನಾಯಕ ಡೆಕ್ಲನ್ ರೈಸ್ ಅವನ ಏಳನೇ ನಂಬರಿನ ಅಂಗಿಯನ್ನು ಕೈಯಲ್ಲಿ ಹಿಡಿದಿದ್ದ.

"ನಾಲ್ಕು ವರ್ಷದಲ್ಲಿ ನಾವು ಅವನನ್ನು ಜಾಸ್ತಿ ಬೆಂಚ್ ಮೇಲೇ ನೋಡಿದ್ದು. ಪಾಪ, ಅವನ ಕಾಲು ಮುರಿದದ್ದೂ ನಮ್ಮ ಕಣ್ಣೆದುರೇ" ಅಂದರು ಹಿರಿಯರು.

ಮುರಿದದ್ದಲ್ಲ, ಹಿಮ್ಮಡಿಯ ಅಕಿಲೀಸ್ ಸ್ನಾಯುರಜ್ಜು ಹರಿದದ್ದು. ಆದರೆ ಅವರ ಮಾತಿನ ನೋವು ನಿಜವಾದದ್ದೇ. 2018ರ ಜುಲೈಯಲ್ಲಿ ವೆಸ್ಟ್ ಹ್ಯಾಮ್ ಅವನನ್ನು ಡಾರ್ಟ್ಮುಂಡ್‌ನಿಂದ ಕರೆದುಕೊಂಡು ಬಂದಾಗ ಜನ ದೊಡ್ಡ ಆಸೆ ಇಟ್ಟುಕೊಂಡಿದ್ದರು. ಸೆಪ್ಟೆಂಬರ್‌ನಲ್ಲಿ ಎವರ್ಟನ್ ಮೇಲೆ ಅವರ ಮೈದಾನದಲ್ಲೇ ಎರಡು ಗೋಲು ಹೊಡೆದ. ಅಕ್ಟೋಬರ್‌ನಲ್ಲಿ ಟಾಟನ್‌ಹ್ಯಾಮ್ ವಿರುದ್ಧ ಆಡುವಾಗ ಅಕಿಲೀಸ್ ಹರಿಯಿತು. ಆ ಸೀಸನ್ ಅಲ್ಲಿಗೇ ಮುಗಿಯಿತು. ಓಟ, ಫಕ್ಕನೆ ನಿಲ್ಲುವುದು, ಮತ್ತೆ ತಿರುಗುವುದು, ಇದೇ ವಿಂಗರ್‌ನ ಬದುಕು. ಅದಕ್ಕೆಲ್ಲ ಆ ಸ್ನಾಯುರಜ್ಜೇ ಆಧಾರ. ಹಾಗೆ ಹರಿದ ಮೇಲೆ ಮತ್ತೆ ಮೊದಲಿನ ವೇಗ ಸಿಗುವುದು ಕಷ್ಟ. ಅವನಿಗೂ ಪೂರ್ತಿ ಸಿಗಲಿಲ್ಲ ಅಂತಲೇ ನನ್ನ ಅಭಿಪ್ರಾಯ. 2020ರ ಜುಲೈ 1ರಂದು, ಕೋವಿಡ್ ಕಾಲದ ಖಾಲಿ ಸ್ಟೇಡಿಯಂನಲ್ಲಿ, ಬದಲಿಯಾಗಿ ಬಂದು 89ನೇ ನಿಮಿಷದಲ್ಲಿ ಚೆಲ್ಸಿಯನ್ನು ಸೋಲಿಸುವ ಗೋಲು ಹೊಡೆದ. ಕ್ಲಬ್ಬು ಲೀಗಿನಲ್ಲಿ ಉಳಿಯುವುದಕ್ಕೆ ಅದು ಬಹಳ ಬೇಕಾಗಿದ್ದ ಗೆಲುವು. ಕೈ ತಟ್ಟಲು ಒಬ್ಬ ಅಭಿಮಾನಿಯೂ ಅಲ್ಲಿರಲಿಲ್ಲ.

ತನ್ನ ದೇಶದಲ್ಲಿ ಅವನ ಸ್ಥಾನವೇ ಬೇರೆ. ಹುಟ್ಟಿದ್ದು 1989ರಲ್ಲಿ, ಲೆನಿನ್‌ಗ್ರಾಡ್‌ನಲ್ಲಿ. ಈಗ ಅದು ರಷ್ಯಾದ ಸೇಂಟ್ ಪೀಟರ್ಸ್‌ಬರ್ಗ್. ಚಿಕ್ಕವನಿದ್ದಾಗಲೇ ಮನೆಯವರು ಉತ್ತರ ಉಕ್ರೇನಿನ ಚೆರ್ನಿಹಿವ್‌ಗೆ ಬಂದರು. ಬೆಳೆದದ್ದು, ಚೆಂಡು ಒದೆಯಲು ಕಲಿತದ್ದು ಅಲ್ಲೇ. ಹುಡುಗನಾಗಿದ್ದಾಗ ಡೈನಮೊ ಕೀವ್ ಕ್ಲಬ್ಬಿನ ಅಕಾಡೆಮಿಗೆ ಹೋಗಿ, ಅಲ್ಲಿನ ಕಠಿಣ ತರಬೇತಿ ತಾಳಲಾರದೆ ಊರಿಗೆ ವಾಪಸ್ ಬಂದ. ಊರಿನ ದೆಸ್ನಾ ತಂಡದಲ್ಲಿ ಆಡಿದ. 2007ರಲ್ಲಿ ಅದೇ ಡೈನಮೊ ಮತ್ತೆ ಕರೆಯಿತು. ಆಮೇಲೆ ಹತ್ತು ವರ್ಷ ಅಲ್ಲೇ. ನೂರಕ್ಕೂ ಹೆಚ್ಚು ಗೋಲು, ಲೀಗ್ ಪ್ರಶಸ್ತಿಗಳು, ದೇಶದ ತಂಡದ ನಾಯಕತ್ವ. 2011ರಲ್ಲಿ ಉರುಗ್ವೆ ವಿರುದ್ಧ ಆಟ ಶುರುವಾಗಿ 14 ಸೆಕೆಂಡಿಗೇ ಗೋಲು ಹೊಡೆದಿದ್ದ. ದೇಶದ ಪರ ಗೋಲುಗಳ ಲೆಕ್ಕದಲ್ಲಿ ಅವನಿಗಿಂತ ಮುಂದೆ ಇರುವವನು ಆಂಡ್ರಿ ಶೆವ್ಚೆಂಕೊ ಒಬ್ಬನೇ.

ನಗುವಿನ ಮನುಷ್ಯನೂ ಹೌದು. 2021ರ ಯೂರೋದಲ್ಲಿ ರೊನಾಲ್ಡೊ ಪತ್ರಿಕಾಗೋಷ್ಠಿಯ ಮೇಜಿನಿಂದ ಕೋಕಾಕೋಲಾ ಬಾಟಲಿಗಳನ್ನು ಪಕ್ಕಕ್ಕೆ ಸರಿಸಿದ್ದು ನೆನಪಿದೆ ಅಲ್ವಾ? ಕೆಲವು ದಿನದ ಮೇಲೆ ಯಾರ್ಮೊಲೆಂಕೊ ಅದೇ ಥರದ ಮೇಜಿನ ಮುಂದೆ ಕೂತು ಎಲ್ಲ ಬಾಟಲಿಗಳನ್ನೂ ತನ್ನ ಹತ್ತಿರ ಎಳೆದುಕೊಂಡ. ಕಂಪನಿಯವರು ನನ್ನನ್ನು ಸಂಪರ್ಕಿಸಲಿ ಅಂತ ನಕ್ಕ. ಆ ಟೂರ್ನಿಯಲ್ಲಿ ಉಕ್ರೇನ್ ಮೊದಲ ಸಲ ಕ್ವಾರ್ಟರ್ ಫೈನಲ್ ಮುಟ್ಟಿತು. ಸ್ವೀಡನ್ ವಿರುದ್ಧ ಅವನು ಎಡಗಾಲಿನ ಹೊರಅಂಚಿನಿಂದ ಕೊಟ್ಟ ಪಾಸಿಗೆ ಜಿಂಚೆಂಕೊ ಗೋಲು ಹೊಡೆದ. ಆ ಪಾಸನ್ನು ಎಷ್ಟು ಸಲ ನೋಡಿದರೂ ನನಗೆ ಸಾಕಾಗಿಲ್ಲ.

ಇಷ್ಟೆಲ್ಲ ನಡೆದು ಒಂಬತ್ತು ತಿಂಗಳಾಗಿತ್ತಷ್ಟೇ. ಆ ಭಾನುವಾರ ಅವನು ಬೆಂಚ್ ಮೇಲೆ ಕೂತಿದ್ದ. ಎರಡು ದಿನ ಹಿಂದೆ, ಮಾರ್ಚ್ 11ರಂದು, ಚೆರ್ನಿಹಿವ್‌ನ ಸ್ಟೇಡಿಯಂ ಮೇಲೆ ಬಾಂಬು ಬಿದ್ದಿತ್ತು. ದೆಸ್ನಾ ತಂಡದ ಮೈದಾನ ಅದು. ಪಕ್ಕದಲ್ಲಿದ್ದ ಮಕ್ಕಳ ಗ್ರಂಥಾಲಯವೂ ಹಾಳಾಗಿತ್ತು. ಆಟ ನೋಡಲು ಬಂದ ನಮಗೆ ಅಂಥ ಹೊತ್ತಿನಲ್ಲಿ ಒಬ್ಬನನ್ನು ಆಡು ಅಂತ ಕೇಳುವ ಹಕ್ಕಾದರೂ ಇದೆಯಾ ಅಂತ ಅನಿಸುತ್ತಿತ್ತು.

ಮೊದಲರ್ಧದಲ್ಲಿ ಹೇಳಿಕೊಳ್ಳುವಂಥದ್ದೇನೂ ನಡೆಯಲಿಲ್ಲ. ಎರಡನೇ ಅರ್ಧ ಶುರುವಾದ ಸ್ವಲ್ಪ ಹೊತ್ತಿಗೆ ವೆಸ್ಟ್ ಹ್ಯಾಮ್‌ನ ಆಂಟೋನಿಯೊಗೆ ನೋವಾಗಿ ಅವನು ಹೊರಗೆ ನಡೆಯಬೇಕಾಯಿತು. ಕೋಚ್ ಡೇವಿಡ್ ಮೋಯ್ಸ್ ಬೆಂಚ್ ಕಡೆ ತಿರುಗಿದರು. ಏಳನೇ ನಂಬರು ಗೆರೆಯ ಹತ್ತಿರ ಬಂದು ನಿಂತದ್ದು ಕಂಡಿತು. ಇಡೀ ಸ್ಟೇಡಿಯಂ ಎದ್ದಿತು. ನನ್ನ ಪಕ್ಕದ ಹಿರಿಯರು ಮಂಡಿನೋವಿನವರು, ಅವರೂ ಎದ್ದರು. ನಮ್ಮ ಸುತ್ತ ಯಾರೂ ಕೂಗಾಡಲಿಲ್ಲ. ಬರೀ ಚಪ್ಪಾಳೆ. ಗಟ್ಟಿಯಾಗಿ, ಬಹಳ ಹೊತ್ತು.

ಆ ಚಪ್ಪಾಳೆ ಕನಿಕರದ್ದು. ಒಳ್ಳೇ ಮನಸ್ಸಿನ ಕನಿಕರವೇ, ಅದರಲ್ಲಿ ತಪ್ಪೇನಿಲ್ಲ. ಆದರೆ ಕನಿಕರದಿಂದ ಗೋಲು ಬರೋದಿಲ್ಲ. ಎದುರಿನ ಡಿಫೆಂಡರ್ ನಿನಗೆ ಕಷ್ಟ ಇದೆ ಅಂತ ದಾರಿ ಬಿಡೋದಿಲ್ಲ. ವಿಲ್ಲಾ ಗೋಲ್‌ಕೀಪರ್ ಎಮಿ ಮಾರ್ಟಿನೆಜ್ ಅಂತೂ ಯಾರಿಗೂ ಸುಮ್ನೆ ಬಿಟ್ಟುಕೊಡುವವನಲ್ಲ.

70ನೇ ನಿಮಿಷ. ಎಡಗಡೆಯಿಂದ ತಂಡದ ಬೆನ್ರಹ್ಮಾ ಚೆಂಡನ್ನು ಗೋಲಿನ ಮುಂದಿನ ಬಾಕ್ಸ್ ಒಳಗೆ ಕೊಟ್ಟ. ಅಲ್ಲಿ ಯಾರ್ಮೊಲೆಂಕೊ ಇದ್ದ, ಬೆನ್ನಿಗೆ ಅಂಟಿಕೊಂಡ ಹಾಗೆ ಡಿಫೆಂಡರ್. ಒಂದೇ ಟಚ್‌ನಲ್ಲಿ ಚೆಂಡನ್ನು ನಿಲ್ಲಿಸಿ ತಿರುಗಿದ. ಒಂದೇ ಟಚ್ ಅಂತ ಬರೆಯೋದು ಸುಲಭ. ಎರಡು ವಾರ ಮನಸ್ಸೆಲ್ಲ ಫೋನಿನಲ್ಲಿ, ಊರಿನ ಸುದ್ದಿಯಲ್ಲಿ. ಸರಿಯಾದ ಅಭ್ಯಾಸ ಕೆಲವೇ ದಿನದ್ದು. ಹೀಗಿದ್ದೂ ಚೆಂಡು ಕಾಲಿನಿಂದ ಒಂದು ಗೇಣು ಆಚೆ ಹೋಗಲಿಲ್ಲ. ಹುಡುಗನಾಗಿದ್ದಾಗ ಚೆರ್ನಿಹಿವ್‌ನಲ್ಲಿ ಕಲಿತದ್ದು ಕಾಲಿನಲ್ಲೇ ಇತ್ತು. ಮರುಕ್ಷಣ ಎಡಗಾಲಿನಿಂದ ಹೊಡೆದ. ಚೆಂಡು ನೆಲದ ಮೇಲೇ ಸಾಗಿ ಮಾರ್ಟಿನೆಜ್‌ನನ್ನು ದಾಟಿ ಒಳಗೆ ಹೋಯಿತು.

ಅವನು ಓಡಲಿಲ್ಲ. ಮಂಡಿಯೂರಿ ಕೂತ. ಮುಖ ಮೇಲಕ್ಕೆತ್ತಿದ. ಅಳುತ್ತಿದ್ದ. ತಂಡದವರು ಬಂದು ಅವನನ್ನು ಸುತ್ತಿಕೊಂಡರು. ನಾನಿದ್ದ ಕಡೆಯಿಂದ ಆಮೇಲೆ ಅವನು ಕಾಣಲೇ ಇಲ್ಲ, ಬರೀ ಬೆನ್ನುಗಳು. ಪಕ್ಕದಲ್ಲಿ ಹಿರಿಯರು ನನ್ನ ತೋಳು ಹಿಡಿದುಕೊಂಡು ಏನೋ ಹೇಳುತ್ತಿದ್ದರು. ಗದ್ದಲದಲ್ಲಿ ಕೇಳಲಿಲ್ಲ. ನನ್ನ ಕಣ್ಣಲ್ಲೂ ನೀರು ಬಂದಿತ್ತು. ಗೋಲಿಗೋ, ನಮ್ಮೂರ ಹುಡುಗನಿಗೋ, ಎರಡೂ ಒಟ್ಟಿಗೆ ಬಂದುಬಿಟ್ಟವು.

ಈ ಸಲದ ಚಪ್ಪಾಳೆ ಬೇರೆ ಥರ ಇತ್ತು. ಇದನ್ನು ಅವನು ಆಡಿ ಸಂಪಾದಿಸಿದ್ದ. ಈ ವ್ಯತ್ಯಾಸ ನನಗೆ ಬಹಳ ಮುಖ್ಯ ಅನಿಸುತ್ತದೆ. ಆ ದಿನದ ಬಗ್ಗೆ ಬರೆದವರಲ್ಲಿ ಹಲವರು ಕಣ್ಣೀರಿನ ಬಗ್ಗೆಯೇ ಬರೆದರು, ಆ ಟಚ್ ಬಗ್ಗೆ ಬರೆದವರು ಕಡಿಮೆ. ನೊಂದ ಮನುಷ್ಯನ ಕಸುಬನ್ನೂ ನಾವು ನೋಡಬೇಕು.

ಆಮೇಲೆ ವೆಸ್ಟ್ ಹ್ಯಾಮ್‌ನ ಫೋರ್ನಾಲ್ಸ್ ಇನ್ನೊಂದು ಗೋಲು ಹೊಡೆದ, ಕೊನೆಯಲ್ಲಿ ವಿಲ್ಲಾ ಒಂದನ್ನು ತೀರಿಸಿತು, ಆಟ 2-1. ನಾಲ್ಕು ದಿನದ ಮೇಲೆ ಯೂರೋಪಾ ಲೀಗಿನಲ್ಲಿ ಸೆವಿಯಾ ವಿರುದ್ಧ ಹೆಚ್ಚುವರಿ ಸಮಯದಲ್ಲಿ, 112ನೇ ನಿಮಿಷಕ್ಕೆ, ಮತ್ತೆ ಯಾರ್ಮೊಲೆಂಕೊ. 1981ರ ನಂತರ ವೆಸ್ಟ್ ಹ್ಯಾಮ್ ಮೊದಲ ಸಲ ಯೂರೋಪಿನ ಟೂರ್ನಿಯ ಕ್ವಾರ್ಟರ್ ಫೈನಲ್‌ಗೆ ಹೋದದ್ದು ಆ ಗೋಲಿನಿಂದ. ಸೀಸನ್ ಮುಗಿದ ಮೇಲೆ ಕ್ಲಬ್ಬು ಬಿಟ್ಟ.

ಜೂನ್ 1ರಂದು ಗ್ಲಾಸ್ಗೋದಲ್ಲಿ ಸ್ಕಾಟ್ಲೆಂಡ್ ಜೊತೆ ಉಕ್ರೇನಿಗೆ ಪ್ಲೇಆಫ್, ಅಂದರೆ ವಿಶ್ವಕಪ್‌ಗೆ ಅರ್ಹತೆ ಪಡೆಯುವ ಪಂದ್ಯ. ಉಕ್ರೇನಿನ ಲೀಗ್ ನಿಂತುಹೋಗಿತ್ತು. ಎಷ್ಟೋ ಆಟಗಾರರು ಡಿಸೆಂಬರ್ ನಂತರ ಒಂದೂ ಅಧಿಕೃತ ಪಂದ್ಯ ಆಡಿರಲಿಲ್ಲ, ಸ್ಲೊವೇನಿಯಾದಲ್ಲಿ ಕ್ಯಾಂಪ್ ಹಾಕಿ ತಯಾರಾಗಿದ್ದರು. ಮೊದಲ ಗೋಲು ಯಾರ್ಮೊಲೆಂಕೊನದ್ದು. ಉದ್ದಕ್ಕೆ ಬಂದ ಚೆಂಡನ್ನು ಇಳಿಸಿಕೊಂಡು ಗೋಲ್‌ಕೀಪರ್ ತಲೆಯ ಮೇಲಿಂದ ಮೆಲ್ಲಗೆ ದಾಟಿಸಿದ. ಸ್ಕಾಟ್ಲೆಂಡ್ 1, ಉಕ್ರೇನ್ 3.

ನಾಲ್ಕು ದಿನದ ಮೇಲೆ ಕಾರ್ಡಿಫ್‌ನಲ್ಲಿ, ಮಳೆಯಲ್ಲಿ, ವೇಲ್ಸ್ ಜೊತೆ ಕೊನೆಯ ಆಟ. ಗೆದ್ದರೆ ವಿಶ್ವಕಪ್‌ಗೆ ಪ್ರವೇಶ. ಅದನ್ನು ನಾನು ಮನೆಯಲ್ಲಿ ಟಿವಿಯಲ್ಲಿ ನೋಡಿದೆ. 34ನೇ ನಿಮಿಷದಲ್ಲಿ ಗ್ಯಾರೆತ್ ಬೇಲ್ ಫ್ರೀ ಕಿಕ್ ಹೊಡೆದ. ಅದನ್ನು ತಲೆಯಿಂದ ಹೊರಗೆ ಕಳಿಸಲು ಯಾರ್ಮೊಲೆಂಕೊ ಬಗ್ಗಿದ. ಚೆಂಡು ಅವನ ತಲೆಗೆ ತಾಗಿ ತನ್ನದೇ ಬಲೆಗೆ ಹೋಯಿತು. ಆಟದಲ್ಲಿ ಬಂದ ಗೋಲು ಅದೊಂದೇ. ವೇಲ್ಸ್ 1958ರ ನಂತರ ಮೊದಲ ಸಲ ವಿಶ್ವಕಪ್‌ಗೆ ಹೋಯಿತು, ಉಕ್ರೇನ್ ಮನೆಗೆ ಹೋಯಿತು. ಮನೆ ಅಂದರೆ ಯುದ್ಧ.

ಅವನ ಹೆಸರು ಬಂದಾಗಲೆಲ್ಲ ಕೆಲವರು ಈ ಓನ್ ಗೋಲನ್ನೇ ಎತ್ತುತ್ತಾರೆ. ನನಗೆ ಸಿಟ್ಟು ಬರುತ್ತದೆ. ಒಬ್ಬ ವಿಂಗರ್, 32 ವಯಸ್ಸಿನವನು, ಅಕಿಲೀಸ್ ಹರಿದು ಕೂಡಿದ ಕಾಲಿನವನು, ತಂಡದ ನಾಯಕ, ತನ್ನ ಗೋಲಿನ ಬಾಯಿಗೆ ಹಿಂದೆ ಬಂದು ನಿಂತು ಫ್ರೀ ಕಿಕ್‌ಗೆ ತಲೆ ಕೊಟ್ಟ. ದೂರ ನಿಂತಿದ್ದರೆ ಯಾರೂ ಅವನನ್ನು ಕೇಳುತ್ತಿರಲಿಲ್ಲ. ಅಂದು ವೇಲ್ಸ್ ಗೋಲ್‌ಕೀಪರ್ ವೇಯ್ನ್ ಹೆನೆಸಿ ತಡೆದ ಚೆಂಡುಗಳಲ್ಲಿ ಒಂದು ಒಳಗೆ ಹೋಗಿದ್ದರೂ ಕತೆಯೇ ಬೇರೆ ಆಗುತ್ತಿತ್ತು.

ವೆಸ್ಟ್ ಹ್ಯಾಮ್ ಬಿಟ್ಟ ಮೇಲೆ ಯಾರ್ಮೊಲೆಂಕೊ ಅಬುಧಾಬಿ ಎಮಿರೇಟ್‌ನ ಅಲ್ ಐನ್ ಕ್ಲಬ್ಬಿನಲ್ಲಿ ಒಂದು ಸೀಸನ್ ಆಡಿದ. ಅಲ್ಲೇ ಇನ್ನಷ್ಟು ವರ್ಷ ನೆಮ್ಮದಿಯಾಗಿ ಆಡಬಹುದಿತ್ತು. ಆದರೆ 2023ರಲ್ಲಿ ಡೈನಮೊ ಕೀವ್‌ಗೆ ಮರಳಿದ. ಯುದ್ಧ ನಿಂತಿರಲಿಲ್ಲ. ಆ ಲೀಗಿನಲ್ಲಿ ಸೈರನ್ ಆದರೆ ಆಟಗಾರರು ಶೆಲ್ಟರ್‌ಗೆ ಹೋಗುತ್ತಾರೆ, ಅಪಾಯ ಕಳೆದ ಮೇಲೆ ಬಂದು ಬಿಟ್ಟ ನಿಮಿಷದಿಂದ ಮುಂದುವರಿಸುತ್ತಾರೆ. ಒಂದು ಪಂದ್ಯ ಮುಗಿಯಲು ನಾಲ್ಕು ಗಂಟೆಗೂ ಜಾಸ್ತಿ ಹಿಡಿದದ್ದಿದೆ. ಯೂರೋಪಿನ ಟೂರ್ನಿಗಳಲ್ಲಿ ಡೈನಮೊ ತನ್ನ 'ಮನೆ' ಪಂದ್ಯಗಳನ್ನು ಪೋಲೆಂಡ್‌ನಲ್ಲಿ, ಜರ್ಮನಿಯಲ್ಲಿ ಆಡಬೇಕಾಯಿತು. ಅವನ ಬದುಕಿನ ತೀರ್ಮಾನಗಳಲ್ಲಿ ನನಗೆ ಎಲ್ಲಕ್ಕಿಂತ ದೊಡ್ಡದಾಗಿ ಕಾಣುವುದು ಈ ಮರಳುವಿಕೆ. 2024-25ರಲ್ಲಿ ಡೈನಮೊ ಒಂದೂ ಪಂದ್ಯ ಸೋಲದೆ ಲೀಗ್ ಗೆದ್ದಾಗ ನಾನು ಗೆಳೆಯನಿಗೆ ಮೆಸೇಜ್ ಮಾಡಿದೆ. ಅವನು ಅಪ್ಪನಿಗೆ ತೋರಿಸಿದನಂತೆ. "ನಮ್ಮ ಹುಡುಗ" ಅಂದರಂತೆ ಹಿರಿಯರು.

ಫುಟ್‌ಬಾಲ್ ಜಾಸ್ತಿ ನೋಡದವರು ಇದನ್ನು ಓದುತ್ತಿದ್ದರೆ, ಅವನ ಆಮ್‌ಸ್ಟರ್‌ಡ್ಯಾಮ್ ಗೋಲಿನಿಂದ ಶುರು ಮಾಡಿ. ಆಮೇಲೆ ವಿಲ್ಲಾ ಮೇಲಿನ ಗೋಲು ನೋಡಿ, ಅಳುವುದಕ್ಕೆ ಮುಂಚಿನ ಆ ಟಚ್ ಸಮೇತ. ಕಾರ್ಡಿಫ್ ಪಂದ್ಯ ಸಿಕ್ಕರೆ ತುಣುಕು ಬೇಡ, ಪೂರ್ತಿ ನೋಡಿ.