ಹೌದು, ಪಾದ್ರಿಗಳ ರೇಡಿಯೋ. ಈಗ ಫ್ಯಾನ್ ಆಫ್ ಮಾಡಿ

"ಅದು ಕ್ರಿಶ್ಚಿಯನ್ನರ ರೇಡಿಯೋ ಅಲ್ವಾ?"

ಮಂಗಳೂರಿನ ಸಂತ ಅಲೋಶಿಯಸ್ ಕಾಲೇಜಿನ ರೇಡಿಯೋ ಸಾರಂಗ್ 107.8ಕ್ಕೆ ನಾನು ಕೆಲವು ವರ್ಷ ಕಾರ್ಯಕ್ರಮ ಮಾಡಿಕೊಟ್ಟಿದ್ದೆ. ಸಂಬಳಕ್ಕಲ್ಲ, ಹುಚ್ಚಿಗೆ. ನಾನು ರೇಡಿಯೋ ಬಿಟ್ಟೆ, ಪ್ರಶ್ನೆ ನನ್ನನ್ನು ಬಿಡಲಿಲ್ಲ. ಮದುವೆ ಊಟದಲ್ಲಿ, ರಿಕ್ಷಾದಲ್ಲಿ, ಬ್ಯಾಂಕಿನ ಕ್ಯೂನಲ್ಲಿ ಅದೇ. ನನಗೆ ಸಿಟ್ಟು ಬರುವುದು 'ಕ್ರಿಶ್ಚಿಯನ್' ಅಂದದ್ದಕ್ಕಲ್ಲ, ಆ 'ಅಲ್ವಾ'ಕ್ಕೆ. ಉತ್ತರವನ್ನು ಮನೆಯಿಂದಲೇ ಬುತ್ತಿ ಕಟ್ಟಿಕೊಂಡು ಬಂದವರಿಗೆ ನಾನೇನು ಬಡಿಸಲಿ?

ಒಮ್ಮೆ ಹಲ್ಲಿನ ಡಾಕ್ಟರೇ ಕೇಳಿದರು. ನನ್ನ ಬಾಯಿ ತುಂಬ ಹತ್ತಿ, ಅರ್ಧ ಕೆನ್ನೆ ಮರಗಟ್ಟಿದೆ, ಎಂಜಲು ಎಳೆಯುವ ನಳಿಗೆ ತುಟಿಗೆ ಸಿಕ್ಕಿಸಿದೆ. "ನಿಮ್ಮ ರೇಡಿಯೋದಲ್ಲಿ ಇಡೀ ದಿನ ಪ್ರಾರ್ಥನೆಯೇ ಅಲ್ವಾ?" ನಾನು "ಙೂಂ" ಅಂದದ್ದು ಡ್ರಿಲ್ಲಿಗೆ. ಅವರು ನರ್ಸ್ ಕಡೆ ತಿರುಗಿ, "ನೋಡು, ನಾನು ಹೇಳ್ಲಿಲ್ವಾ?" ಅಂದರು.

ಈಗ ಬಾಯಲ್ಲಿ ಹತ್ತಿಯಿಲ್ಲ, ಹೇಳುತ್ತೇನೆ. ಹೌದು, ಕಾಲೇಜು ಯೇಸುಸಭೆಯ (ಜೆಸ್ವಿಟ್) ಪಾದ್ರಿಗಳದ್ದು, 1880ರದ್ದು. ಅವರಿಗೆ ರೇಡಿಯೋ ಹೊಸದೂ ಅಲ್ಲ. ಮಾರ್ಕೋನಿಯೇ ನಿಂತು ಕಟ್ಟಿಕೊಟ್ಟ ವ್ಯಾಟಿಕನ್ ರೇಡಿಯೋ 1931ರ ಫೆಬ್ರವರಿ 12ರಂದು ಶುರುವಾದಾಗ, ಅದನ್ನು ನಡೆಸುವ ಕೆಲಸ ಬಿದ್ದದ್ದು ಇದೇ ಸಭೆಯವರ ಹೆಗಲಿಗೆ. ಆದರೆ 2009ರಲ್ಲಿ ಹುಟ್ಟಿದ ಸಾರಂಗ್ ಅದರ ಮರಿಯಲ್ಲ. ಇದರ ಜಾತಕ ರೋಮಿನಲ್ಲಿಲ್ಲ, ದೆಹಲಿಯಲ್ಲಿದೆ. ಆಕಾಶದ ತರಂಗಗಳು ಸಾರ್ವಜನಿಕರ ಸ್ವತ್ತು ಎಂದು 1995ರಲ್ಲಿ ಸುಪ್ರೀಂ ಕೋರ್ಟು ಹೇಳಿತು. ಸರ್ಕಾರ ಏಳು ವರ್ಷ ತಲೆ ಕೆರೆದುಕೊಂಡು 2002ರ ಕೊನೆಗೆ ಶಿಕ್ಷಣ ಸಂಸ್ಥೆಗಳಿಗೆ, 2006ರಲ್ಲಿ ಸಂಘಸಂಸ್ಥೆಗಳಿಗೆ ಬಾಗಿಲು ತೆರೆಯಿತು. ಲೈಸೆನ್ಸು ಸಮುದಾಯ ಬಾನುಲಿಯದ್ದು, ಅಂದರೆ ಕಮ್ಯುನಿಟಿ ರೇಡಿಯೋದ್ದು. ಅರ್ಧದಷ್ಟಾದರೂ ಕಾರ್ಯಕ್ರಮ ಊರಲ್ಲೇ ತಯಾರಾಗಬೇಕು, ಆದಷ್ಟು ಊರವರ ಭಾಷೆಯಲ್ಲಿರಬೇಕು. ನಮ್ಮಲ್ಲಿ ಊರವರ ಭಾಷೆ ಅಂದರೆ ತುಳು, ಕೊಂಕಣಿ, ಬ್ಯಾರಿ, ಕನ್ನಡ. ರಸ್ತೆ ದಾಟಿದರೆ ಭಾಷೆಯೂ ದಾಟುತ್ತದೆ.

ನಮ್ಮ ಕ್ರಿಶ್ಚಿಯನ್ನರೇನು ಕಮ್ಮಿಯಿಲ್ಲ. ನನ್ನ ಮೌಶಿ ಫೋನ್ ಮಾಡಿ, "ತೇರ್ಸ್ ಎಷ್ಟು ಗಂಟೆಗೆ ಉಂಟು?" ಅಂತ ಕೇಳಿದರು. ತೇರ್ಸ್ ಅಂದರೆ ಜಪಮಾಲೆ ಪ್ರಾರ್ಥನೆ. ಅದು ನನ್ನ ಪಾಲಿಗೆ ಬಂದಿಲ್ಲ, ನನ್ನದು ತುಳು ಅಡುಗೆ ಕಾರ್ಯಕ್ರಮ ಅಂದೆ. "ಮತ್ತೆ ಅದು ಎಂಥ ಪಾದ್ರಿಗಳ ರೇಡಿಯೋ!" ಎಂದು ಇಟ್ಟೇಬಿಟ್ಟರು. ಆ ಡಾಕ್ಟರನ್ನೂ ಮೌಶಿಯನ್ನೂ ಒಂದು ಕೋಣೆಯಲ್ಲಿ ಕೂರಿಸಬೇಕು ಅಂತ ನನಗೆ ಬಹಳ ಆಸೆ.

ರೇಡಿಯೋ ಯಾರದ್ದು ಅಂತ ಎಲ್ಲರಿಗೂ ಬೇಕು. ಎಲ್ಲಿವರೆಗೆ ಕೇಳಿಸುತ್ತದೆ ಅಂತ ಮಾತ್ರ ಒಬ್ಬರೂ ಕೇಳಲಿಲ್ಲ. ಸಮುದಾಯ ಬಾನುಲಿಗೆ ಸಿಗುವ ಪ್ರಸಾರ ಶಕ್ತಿ ಸಾಮಾನ್ಯವಾಗಿ 100 ವ್ಯಾಟ್. ಅಜ್ಜಿಮನೆ ಜಗಲಿಯ ಹಳದಿ ಬಲ್ಬೂ ಅಷ್ಟೇ ಇತ್ತು. ಕಂಬ 30 ಮೀಟರ್ ಮೀರುವ ಹಾಗಿಲ್ಲ. ಮಂಗಳೂರಿನಿಂದ ಬಿ.ಸಿ. ರೋಡ್ ಎಂಬ ಪೇಟೆಗೆ ಹೋಗುವ ಬಸ್ಸಿನಲ್ಲಿ ಇಯರ್‌ಫೋನ್ ಹಾಕಿಕೊಂಡು ಕೂತರೆ ನಡುದಾರಿಯ ಅಡ್ಯಾರು ದಾಟುವಾಗ ಸುರುಸುರು ಶುರು. ಮತಾಂತರ ಆಗುವುದಿದ್ದರೂ ಅಡ್ಯಾರಿನೊಳಗೇ ಆಗಬೇಕು, ಮಾರಾಯ್ರೇ.

ಮೇ ತಿಂಗಳ ಒಂದು ಮಧ್ಯಾಹ್ನ ಕುದ್ರೋಳಿಯಲ್ಲಿ ಒಬ್ಬ ಅಮ್ಮನ ಹತ್ತಿರ ಹಲಸಿನ ಹಣ್ಣಿನ ಗಟ್ಟಿ, ಅಂದರೆ ಎಲೆಯಲ್ಲಿ ಬೇಯಿಸುವ ಕಡುಬು, ಮಾಡುವುದನ್ನು ರೆಕಾರ್ಡ್ ಮಾಡಲು ಹೋಗಿದ್ದೆ. ನನ್ನ ಮೊದಲ ಮಾತೇ "ಫ್ಯಾನ್ ಆಫ್ ಮಾಡಿ." ನನ್ನ ಇಡೀ ರೇಡಿಯೋ ಜೀವನದಲ್ಲಿ ಅತಿ ಹೆಚ್ಚು ಸಲ ಹೇಳಿದ ವಾಕ್ಯ ಅದು; ಫ್ಯಾನಿನ ಸದ್ದು ಮೈಕಿಗೆ ಬೀಳುತ್ತದಲ್ಲ. ಅವರು ಸೆರಗಿನಲ್ಲಿ ಕುತ್ತಿಗೆ ಒರೆಸಿಕೊಳ್ಳುತ್ತ, ತೇಗದ ಎಲೆ ಮಡಚುತ್ತ, ಎಲೆ ಎಳತಿರಬೇಕು, ಇಲ್ಲದಿದ್ದರೆ ಒಡೆದು ಹಿಟ್ಟೆಲ್ಲ ನೀರಿಗೆ ಅಂತ ವಿವರಿಸಿದರು. ಎಲೆ ಮಡಚುವ ಚರಕ್ ಶಬ್ದ ಮೈಕಿಗೆ ಎಷ್ಟು ಚೆನ್ನಾಗಿ ಸಿಕ್ಕಿತ್ತೆಂದರೆ, ಎಡಿಟ್ ಮಾಡುವಾಗ ಅದನ್ನೇ ನಾಲ್ಕು ಸಲ ಕೇಳಿದೆ. ನನ್ನ ಧರ್ಮ ಯಾವುದೆಂದು ಅವರು ಕೇಳಲಿಲ್ಲ. ಬೆವರು ಒರೆಸಲು ಬೈರಾಸು ಕೊಟ್ಟರು.

ಪ್ರಸಾರವಾದ ಮರುದಿನ ಆ ಅಮ್ಮನ ಫೋನ್ ಬಂತು. ಬಿ.ಸಿ. ರೋಡಿನಲ್ಲಿರುವ ಮಗಳಿಗೆ ಏನೂ ಕೇಳಿಸಲಿಲ್ಲವಂತೆ. "ಮುಂದಿನ ಸಲ ನೀವು ಅಲ್ಲಿಂದ ವಾಲ್ಯೂಮ್ ಸ್ವಲ್ಪ ಜಾಸ್ತಿ ಇಡಿ ಆಯ್ತಾ?"