ಅಪ್ಪ ಅಮ್ಮನ್ನ ಯಾಕೆ ಕರ್ಕೊಂಡು ಬರಲ್ಲ?

ಶಿವಮೊಗ್ಗದಲ್ಲಿ ಯಾರ ಮನೆಗೆ ಹೋದರೂ ಈ ಪ್ರಶ್ನೆ ಬರುತ್ತದೆ. ‘ಶರಾವತಿ ಹಿನ್ನೀರಿನ ಆ ಮೂಲೆಯಲ್ಲಿ ಇಬ್ಬರೇ ಇದ್ದಾರಲ್ಲ, ಕರ್ಕೊಂಡು ಬರಬಾರದಾ?’ 2025ರ ಜುಲೈನಲ್ಲಿ ಸಿಗಂದೂರು ಸೇತುವೆ ಶುರುವಾದ ಮೇಲೆ, ‘ಈಗೇನು ಕಷ್ಟ ಬಿಡಿ’ ಅನ್ನುವವರೂ ಇದ್ದಾರೆ.

ಸೇತುವೆಯಿಂದ ನಿಜಕ್ಕೂ ಉಪಕಾರ ಆಗಿದೆ. ಮೊದಲು ಸಂಜೆಯ ಕಡೇ ಲಾಂಚ್ ತಪ್ಪಿದರೆ ಬೆಳಗಿನವರೆಗೆ ಈಚೆ ದಡವೇ ಗತಿ. ರಾತ್ರಿ ಎದೆನೋವು ಅಂದರೆ ಕಾಡು ಬಳಸಿ ಸಾಗರಕ್ಕೆ ಹೋಗಬೇಕಿತ್ತು. ಆದರೆ ಸೇತುವೆ ದಾಟಿದ ಮೇಲೂ ನಮ್ಮ ಮನೆಗೆ ಮಣ್ಣು ರಸ್ತೆಯೇ. ಫೋನ್ ಮಾಡಬೇಕು ಅಂದರೆ ಅಮ್ಮ ಗುಡ್ಡ ಹತ್ತಬೇಕು.

ಅಪ್ಪ ಮೀನು ಹಿಡಿಯುತ್ತಾರೆ. ಸಂಜೆ ತೆಪ್ಪದಲ್ಲಿ ಹೋಗಿ ಬಲೆ ಬಿಟ್ಟು ಬರುವುದು, ಬೆಳಕು ಹರಿಯುವ ಮೊದಲೇ ಹೋಗಿ ಎತ್ತುವುದು. ಗಾಳಿ ಎದ್ದರೆ ಹಿನ್ನೀರು ಸಮುದ್ರದ ಹಾಗೇ. ಕತ್ತಲಾದರೂ ಬರದಿದ್ದರೆ ಅಮ್ಮ ದಡಕ್ಕೆ ಬಂದು ಬ್ಯಾಟರಿ ಬಿಡುತ್ತಾರೆ. ಅಪ್ಪ ನೀರಿನ ಮೇಲಿಂದ ಎರಡು ಸಲ ಬಿಟ್ಟರೆ ‘ಬಂದೆ’ ಅಂತ. ಆ ಎರಡು ಬೆಳಕಿಗೆ ಅಮ್ಮ ಕಾಯುವುದನ್ನು ನೋಡಿದ್ದೇನೆ. ಸೆರಗಿನ ತುದಿಯನ್ನು ಬೆರಳಿಗೆ ಸುತ್ತುತ್ತಾ, ಬಿಚ್ಚುತ್ತಾ, ಮಾತಿಲ್ಲದೆ. ಕೂಗಿದರೆ ಓ ಅನ್ನಲು ಪಕ್ಕದಲ್ಲಿ ಮನೆಯಿಲ್ಲ.

ಮೊದಲು ಹೀಗಿರಲಿಲ್ಲ. ಲಿಂಗನಮಕ್ಕಿ ಅಣೆಕಟ್ಟು 1964ರಲ್ಲಿ ಮುಗಿಯಿತು. ನೀರು ಏರಿ ಬಂದಾಗ ಅಜ್ಜನ ಕೇರಿಯೇ ಚದುರಿಹೋಯಿತು. ಅಜ್ಜನ ಅಣ್ಣತಮ್ಮಂದಿರು ಲಾರಿ ಹತ್ತಿ ಶಿವಮೊಗ್ಗದ ಕಡೆಗೆ ಹೋದರು, ಅಜ್ಜ ಮೇಲಿನ ಗುಡ್ಡ ಹತ್ತಿದ. ಆ ನೀರು ನಾಡಿಗೆಲ್ಲ ಕರೆಂಟು ಕೊಟ್ಟಿತು. ನಮ್ಮ ಮನೆಯಲ್ಲಿ ಎಷ್ಟೋ ವರ್ಷ ಚಿಮಣಿ ಬುಡ್ಡಿಯೇ ಉರಿಯಿತು. ಇದು ಅನ್ಯಾಯ ಅಲ್ವಾ?

ಮುಳುಗಿದ ಮರಗಳ ಬೊಡ್ಡೆ ಇನ್ನೂ ನೀರಿನಡಿ ಇವೆ. ಬಲೆ ಸಿಕ್ಕಿಕೊಂಡರೆ ಹರಿದೇ ಹೋಗುತ್ತದೆ. ಬೇಸಿಗೆಯಲ್ಲಿ ನೀರು ಇಳಿದಾಗ ಅವು ಕಪ್ಪಗೆ ಎದ್ದು ನಿಲ್ಲುತ್ತವೆ. ಅಪ್ಪ ಒಂದೊಂದನ್ನೂ ಗುರುತಿಟ್ಟುಕೊಂಡಿದ್ದಾರೆ. ಅದರಲ್ಲಿ ಒಂದು ಅಜ್ಜನ ಹಿತ್ತಿಲ ಹಲಸಿನ ಮರದ್ದು. ಆ ಜಾಗದಲ್ಲಿ ಅಪ್ಪ ಬಲೆ ಬಿಡುವುದಿಲ್ಲ. ಹುಟ್ಟು ಎತ್ತಿಕೊಂಡು ಒಂದು ಕ್ಷಣ ತೆಪ್ಪವನ್ನು ಅದರ ಪಾಡಿಗೆ ಬಿಡುತ್ತಾರೆ, ಮತ್ತೆ ಮುಂದಕ್ಕೆ ಹೋಗುತ್ತಾರೆ.

ಬನ್ನಿ ಅಂತ ನಾನೂ ಕರೆದಿದ್ದೇನೆ. ಸುಮ್ನೆ ಬಾಯಿಮಾತಿಗಲ್ಲ, ಅತ್ತು ಕರೆದಿದ್ದೇನೆ. ‘ಎಷ್ಟು ಸಲ ಊರು ಬಿಡೋದು ತಮಾ?’ ಅಂದರು ಅಪ್ಪ. ಮತ್ತೆ ಕೇಳಲು ನನಗೆ ಬಾಯಿ ಬರಲಿಲ್ಲ.

ಹಾಗಾಗಿ ತಿಂಗಳಿಗೆ ಎರಡು ಸಲ ನಾನೇ ಹೋಗುತ್ತೇನೆ. ಹೋದ ದಿನ ದಡದಲ್ಲಿ ಬ್ಯಾಟರಿ ಹಿಡಿದು ನಿಲ್ಲುವುದು ನನ್ನ ಕೆಲಸ. ಅಮ್ಮ ಒಳಗೆ ಸಾರಿಗೆ ಇಡುತ್ತಾರೆ.