ಮುಖವೇ ಕಾಣದ ಪಾಡ್‌ಕಾಸ್ಟ್‌ನಲ್ಲಿ ಸೌಂದರ್ಯದ ಮಾತೇಕೆ?

ಮದುವೆಮನೆಯ ಪಂಕ್ತಿಯಲ್ಲಿ ಪಕ್ಕಕ್ಕೆ ಕುಳಿತವರು ನಾನು ಸೌಂದರ್ಯವರ್ಧಕಗಳ ಕುರಿತು ಕೇಳುವ ಕಾರ್ಯಕ್ರಮ, ಅಂದರೆ ಪಾಡ್‌ಕಾಸ್ಟ್, ನಡೆಸುತ್ತೇನೆಂದು ತಿಳಿದೊಡನೆ ಕೇಳುವುದು ಒಂದೇ ಮಾತು: "ಅಲ್ಲಮ್ಮ, ಲಿಪ್‌ಸ್ಟಿಕ್ ಬಣ್ಣವನ್ನು ಕಿವಿಗೆ ಹೇಗೆ ತೋರಿಸುತ್ತೀರಿ? ವಿಡಿಯೊ ಮಾಡಬಾರದೇ?" ಪಂಕ್ತಿಯಲ್ಲಿ ಕೊಡಲಾಗದ ಉತ್ತರವನ್ನು ಇಲ್ಲಿ ಬರೆಯುತ್ತಿದ್ದೇನೆ.

ನಾನು ಈ ವೃತ್ತಿಗೆ ಬಂದದ್ದು ಬೆಂಗಳೂರಿನ ಪತ್ರಿಕೆಯೊಂದರ ಪುರವಣಿಯ ಮೂಲಕ. ಅಲ್ಲಿ ಅರ್ಧ ಪುಟವನ್ನು ಚಿತ್ರವೇ ಆಕ್ರಮಿಸುತ್ತಿತ್ತು. ಉಳಿದ ಜಾಗದಲ್ಲಿ ಕಂಪನಿಯ ಪ್ರಕಟಣೆಯನ್ನು ಸ್ವಲ್ಪ ತಿದ್ದಿ ಕೂರಿಸಿದರೆ ದಿನದ ಕೆಲಸ ಮುಗಿಯುತ್ತಿತ್ತು. ಒಮ್ಮೆ ಸನ್‌ಸ್ಕ್ರೀನ್ ಕುರಿತ ಲೇಖನದಲ್ಲಿ, ಬಿಸಿಲಿನಿಂದ ಎಷ್ಟು ರಕ್ಷಣೆಯೆಂದು ಸೂಚಿಸಲು ಟ್ಯೂಬಿನ ಮೇಲೆ ಮುದ್ರಿಸುವ ಎಸ್‌ಪಿಎಫ್ ಅಂಕಿಯನ್ನು ಪ್ರಯೋಗಾಲಯದಲ್ಲಿ ಚರ್ಮದ ಪ್ರತಿ ಚದರ ಸೆಂಟಿಮೀಟರಿಗೆ 2 ಮಿಲಿಗ್ರಾಂ ಹಚ್ಚಿ ಅಳೆಯುತ್ತಾರೆಂದೂ, ನಾವು ಸಾಮಾನ್ಯವಾಗಿ ಅದಕ್ಕಿಂತ ಬಹಳ ಕಡಿಮೆ ಹಚ್ಚುವುದರಿಂದ ನಮಗೆ ಅಷ್ಟು ರಕ್ಷಣೆ ಸಿಗುವುದಿಲ್ಲವೆಂದೂ ಬರೆದಿದ್ದೆ. ಆ ಒಂದು ವಾಕ್ಯ ಮಾತ್ರ ಅಚ್ಚಾಗಲಿಲ್ಲ. ಜಾಗ ಸಾಲಲಿಲ್ಲವೆಂದರು. ಪಕ್ಕದಲ್ಲೇ ಸನ್‌ಸ್ಕ್ರೀನಿನ ಜಾಹೀರಾತಿಗೆ ಜಾಗ ಧಾರಾಳವಾಗಿತ್ತು.

ಅಮೆರಿಕದ ಇಬ್ಬರು ಸೌಂದರ್ಯ ಪತ್ರಕರ್ತೆಯರು 2016ರಲ್ಲಿ ಆರಂಭಿಸಿದ 'ಫ್ಯಾಟ್ ಮಸ್ಕಾರಾ' ಪಾಡ್‌ಕಾಸ್ಟನ್ನು ನಾನು ಕೇಳಿದ್ದು ಆ ದಿನಗಳಲ್ಲಿಯೇ. ಚಿತ್ರದ ಆಸರೆಯಿಲ್ಲದೆ ಇಷ್ಟು ಮಾತನಾಡಲು ಸಾಧ್ಯವೆಂಬುದೇ ನನಗೆ ಹೊಸತಾಗಿತ್ತು.

ಚಿತ್ರವಿಲ್ಲದಿದ್ದರೆ ಉಳಿಯುವುದು ಡಬ್ಬಿಯ ಹಿಂಬದಿಯ ಸಣ್ಣ ಅಕ್ಷರ. ನಮ್ಮ 2020ರ ಸೌಂದರ್ಯವರ್ಧಕಗಳ ನಿಯಮಗಳ ಪ್ರಕಾರ ಶೇ 1ಕ್ಕಿಂತ ಹೆಚ್ಚಿರುವ ಘಟಕಗಳನ್ನು ಪ್ರಮಾಣದ ಇಳಿಕೆಯ ಕ್ರಮದಲ್ಲಿ ನಮೂದಿಸಬೇಕು. ಅದಕ್ಕಿಂತ ಕಡಿಮೆ ಇರುವವನ್ನು ಅವುಗಳ ನಂತರ ಯಾವ ಕ್ರಮದಲ್ಲಾದರೂ ಬರೆಯಬಹುದು. ಆದ್ದರಿಂದ ಡಬ್ಬಿಯ ಮುಂಭಾಗದಲ್ಲಿ ಕೇಸರಿಯ ಹೂವು ಅರಳಿದ್ದು, ಹಿಂಬದಿಯ ಪಟ್ಟಿಯಲ್ಲಿ ಕೇಸರಿಯ ಹೆಸರು ಪರಿಮಳದ್ರವ್ಯ ಹಾಗೂ ಸಂರಕ್ಷಕಗಳ ನಡುವೆಲ್ಲೋ ಕೊನೆಯಲ್ಲಿ ಸಿಕ್ಕರೆ, ಗ್ರಾಹಕರು ಹಣ ಕೊಡುತ್ತಿರುವುದು ಹೆಚ್ಚಾಗಿ ಹೂವಿನ ಚಿತ್ರಕ್ಕೆ. ಇಂಥ ಪಟ್ಟಿಯನ್ನು ಗಟ್ಟಿಯಾಗಿ ಓದುತ್ತಾ ಹೋದರೆ ಅರ್ಧ ಗಂಟೆ ಕಳೆದದ್ದೇ ತಿಳಿಯುವುದಿಲ್ಲ.

ಇನ್ನು ಬಣ್ಣದ ಮಾತು. ಕಂಪನಿಗಳು ಕೊಡುವ ಹೆಸರುಗಳಿಂದ ನಮಗೆ ಪ್ರಯೋಜನವಿಲ್ಲ. 'ನ್ಯೂಡ್' ಎಂದರೆ ಯಾರ ಚರ್ಮದ ಬಣ್ಣವೆಂದು ಅವರೇ ಹೇಳಬೇಕು. ನಾನು ಎಲೆಯಡಿಕೆ ಹಾಕಿದ ಅಜ್ಜಿಯ ತುಟಿ, ನೇರಳೆಹಣ್ಣು ತಿಂದ ನಾಲಿಗೆ, ಮಳೆಗೆ ನೆನೆದ ಹಂಚು ಎನ್ನುತ್ತೇನೆ. ಎಣ್ಣೆಗಪ್ಪು ಎಂಬ ಪದವನ್ನು ಮೊದಲ ಬಾರಿ ಬಳಸಿದಾಗ ಕೇಳುಗರೊಬ್ಬರು, ಚಿಕ್ಕಂದಿನಿಂದ ಬೈಗುಳದಂತೆ ಕೇಳಿದ ಪದವನ್ನು ಲಿಪ್‌ಸ್ಟಿಕ್ ಆಯ್ಕೆಯ ಸಲಹೆಯೊಳಗೆ ಕೇಳಿದ್ದು ಇದೇ ಮೊದಲೆಂದು ಬರೆದರು.

ವಿಡಿಯೊ ಬೇಡವೆನ್ನುವುದಕ್ಕೆ ಇನ್ನೂ ದೊಡ್ಡ ಕಾರಣ ಕೇಳುಗರ ಕಡೆಯಿಂದಲೇ ಬಂತು. ಕ್ಯಾಮೆರಾದ ಮುಂದೆ ಎಂದೂ ಕೂರದವರು ಧ್ವನಿಸಂದೇಶ ಕಳಿಸುತ್ತಾರೆ, ಮತ್ತು ಅವುಗಳಲ್ಲಿ ಹೆಚ್ಚಿನವು ಬೆಳ್ಳಗಾಗುವ ಆಸೆಗೆ ಹಚ್ಚಿದ ಮುಲಾಮುಗಳ ಕುರಿತವು. 1975ರಲ್ಲಿ ಬಂದ 'ಫೇರ್ ಅಂಡ್ ಲವ್ಲಿ' 2020ರಲ್ಲಿ 'ಗ್ಲೋ ಅಂಡ್ ಲವ್ಲಿ' ಆಯಿತು. ಆದರೆ ಹಳ್ಳಿಪೇಟೆಗಳಲ್ಲಿ ನನ್ನನ್ನು ಹೆಚ್ಚು ಕಾಡುವುದು ಬೆಳ್ಳಗಾಗಲೆಂದು ಜನ ಹಚ್ಚಿಕೊಳ್ಳುವ ಮೆಡಿಕಲ್ ಅಂಗಡಿಯ ಸ್ಟೆರಾಯ್ಡ್ ಟ್ಯೂಬು. ಚರ್ಮಕ್ಕೆ ಹಚ್ಚುವ ಹಲವು ಸ್ಟೆರಾಯ್ಡ್‌ಗಳನ್ನು 2018ರಲ್ಲಿ ಶೆಡ್ಯೂಲ್ ಎಚ್ ಎಂಬ ಔಷಧಪಟ್ಟಿಗೆ ಸೇರಿಸಿ, ವೈದ್ಯರ ಚೀಟಿಯಿಲ್ಲದೆ ಮಾರಬಾರದೆಂದು ಮಾಡಲಾಗಿದೆ. ತಿಂಗಳುಗಟ್ಟಲೆ ಹಚ್ಚಿದರೆ ಮುಖದ ಚರ್ಮ ತೆಳುವಾಗಿ, ಬಿಟ್ಟೊಡನೆ ಕೆಂಪಾಗಿ ಉರಿಯುತ್ತದೆ. ಆ ಉರಿ ತಾಳಲಾರದೆ ಜನ ಮತ್ತೆ ಅದನ್ನೇ ಹಚ್ಚುತ್ತಾರೆ.

ಕಳೆದ ತಿಂಗಳು ಧ್ವನಿಮುದ್ರಣದ ನಡುವೆ ಮಾತಿಗೆ ಸಿಕ್ಕ ಕೇಳುಗರೊಬ್ಬರು, ಮುಖದ ಫೋಟೊ ಕಳಿಸಲು ನಾಚಿಕೆಯಾಗುತ್ತದೆ ಅಕ್ಕ, ಎಂದರು. ಫೋಟೊ ಬೇಡ, ಟ್ಯೂಬಿನ ಮೇಲಿನ ಅಕ್ಷರಗಳನ್ನು ಓದಿ ಎಂದೆ. ಅವರು ನಿಧಾನವಾಗಿ "ಬಿ, ಇ, ಟಿ, ಎ…" ಎಂದು ಓದತೊಡಗಿದರು. ಬೀಟಾಮೆಥಸೋನ್ ಎಂಬ ಸ್ಟೆರಾಯ್ಡಿನ ಪೂರ್ತಿ ಹೆಸರು ಬರುವ ಮೊದಲೇ ನಾನು ಧ್ವನಿಮುದ್ರಣ ನಿಲ್ಲಿಸಿ, ಹತ್ತಿರದಲ್ಲಿ ಚರ್ಮರೋಗ ತಜ್ಞರು ಎಲ್ಲಿದ್ದಾರೆಂದು ವಿಚಾರಿಸಿದೆ.